ಪತ್ರಿಕೆಗಳು ಕಾಣದ ಯುದ್ಧ
ಕ್ಯಾಮರಾವನ್ನು ಬಡ ಹೆಣ್ಣಿನ ಕಡೆಗೆ ತಿರುಗಿಸಿದ ದೀಪಾ ಧನರಾಜ್

ಕೆಲವು ವರ್ಷಗಳ ಹಿಂದಿನ ಮಾತು. ಸಿದ್ದಾಪುರದ ನಮ್ಮ ಮನೆಯಲ್ಲಿ ರಾತ್ರಿ ಊಟದ ಹೊತ್ತಿಗೆ ಟಿ.ವಿ.ಯಲ್ಲಿ ಚರ್ಚೆಯೊಂದು ನಡೆಯುತ್ತಿತ್ತು. ವಿಷಯ ಜನಸಂಖ್ಯೆ. ಪರದೆಯ ಮೇಲೆ ಐದಾರು ಗಂಡಸರು ಕೂತು ಮುಸ್ಲಿಮ್ ಮಹಿಳೆ ಎಷ್ಟು ಹೆರುತ್ತಾಳೆ, ಎಷ್ಟು ಹೆರಬೇಕು ಎಂದು ಜಗಳವಾಡುತ್ತಿದ್ದರು. ಅವರ ಮಧ್ಯೆ ಒಬ್ಬ ಮಹಿಳೆಯೂ ಇರಲಿಲ್ಲ. ಉಮ್ಮ ಸ್ವಲ್ಪ ಹೊತ್ತು ನೋಡಿ ಟಿ.ವಿ. ಆರಿಸಲು ಹೇಳಿದರು. ನಂತರ, "ನಮ್ಮನ್ನು ಯಾರಾದರೂ ಒಂದು ಮಾತು ಕೇಳಿದ್ದಾರಾ ಮಗಳೇ?" ಎಂದರು.

ಆ ರಾತ್ರಿ ಉಮ್ಮ ಮೊದಲ ಬಾರಿಗೆ ತಮ್ಮ ಕತೆ ಹೇಳಿದರು. ಎಂಬತ್ತರ ದಶಕದಲ್ಲಿ ನನ್ನ ತಂಗಿ ಹುಟ್ಟಿದ ಮೇಲೆ ಅವರನ್ನು ಇತರ ಕೆಲವು ಹೆಂಗಸರ ಜೊತೆ ಜೀಪಿನಲ್ಲಿ 'ಕ್ಯಾಂಪಿ'ಗೆ ಕರೆದುಕೊಂಡು ಹೋಗಿದ್ದರಂತೆ. ಸಾಲಾಗಿ ಮಲಗಿಸಿ ಆಪರೇಷನ್ ಮುಗಿಸಿ, ಕೈಗೆ ಒಂದಿಷ್ಟು ರೂಪಾಯಿ ಕೊಟ್ಟು ಸಂಜೆಗೇ ಮನೆಗೆ ಬಿಟ್ಟರಂತೆ. ಏನು ಮಾಡುತ್ತಾರೆ, ಮುಂದೆ ಏನಾಗಬಹುದು ಎಂದು ಯಾರೂ ತಿಳಿಸಲಿಲ್ಲ. ಎಷ್ಟೋ ತಿಂಗಳು ಹೊಟ್ಟೆನೋವು. ಆದರೂ ಮೂರನೇ ದಿನಕ್ಕೇ ಅವರು ಮೊರ ಮಡಿಲಲ್ಲಿಟ್ಟುಕೊಂಡು ಬೀಡಿ ಕಟ್ಟಲು ಕೂತಿದ್ದರು. ನಲುವತ್ತು ವರ್ಷ ಇದನ್ನು ಅವರು ಯಾರಿಗೂ ಹೇಳಿರಲಿಲ್ಲ. ಏಕೆಂದರೆ ಯಾರೂ ಕೇಳಿರಲಿಲ್ಲ.

ಕೇಳಿದವರು ಇರಲೇ ಇಲ್ಲವೇ? ಇದ್ದರು. ನಮ್ಮ ಉಮ್ಮನನ್ನಲ್ಲ, ಉಮ್ಮನಂತಹ ಇತರರನ್ನು. ನಮ್ಮದೇ ರಾಜ್ಯದ ಬೆಂಗಳೂರಿನಲ್ಲಿ ನೆಲೆಸಿರುವ ಸಾಕ್ಷ್ಯಚಿತ್ರ ನಿರ್ದೇಶಕಿ ದೀಪಾ ಧನರಾಜ್ ನಲುವತ್ತು ವರ್ಷಗಳಿಗೂ ಹೆಚ್ಚು ಕಾಲ ಮಾಡಿದ್ದು ಇದೇ ಕೆಲಸ. ಯಾರೂ ಕೇಳದವರ ಬಳಿ ಹೋಗಿ ಕೂತು, ಅವರು ಹೇಳುವುದನ್ನು ಕೊನೆಯವರೆಗೆ ಕೇಳಿ, ಅದನ್ನು ಜಗತ್ತಿಗೆ ತೋರಿಸಿದರು.

ಎರಡು ಯುದ್ಧಗಳು

1991ರ ಜನವರಿಯನ್ನು ನಮ್ಮ ಕರಾವಳಿಯ ಹಿರಿಯರು ಮರೆತಿರಲಾರರು. ಅದಕ್ಕೂ ಮೊದಲು, 1990ರ ಆಗಸ್ಟ್ 2ರಂದು ಇರಾಕ್ ಸೇನೆ ಕುವೈತಿಗೆ ನುಗ್ಗಿತ್ತು. ಅಲ್ಲಿ ದುಡಿಯುತ್ತಿದ್ದ ಒಂದು ಲಕ್ಷಕ್ಕೂ ಹೆಚ್ಚು ಭಾರತೀಯರನ್ನು ವಿಮಾನಗಳಲ್ಲಿ ಊರಿಗೆ ಕರೆತರಲಾಯಿತು. ಕುಂದಾಪುರ, ಗಂಗೊಳ್ಳಿ, ಭಟ್ಕಳದ ಕಡೆಯ ಎಷ್ಟೋ ಮನೆಗಳಲ್ಲಿ ಗಂಡನ ಪತ್ರವಿಲ್ಲ, ಮಗನ ಸುದ್ದಿಯಿಲ್ಲ ಎಂದು ಹೆಂಗಸರು ನಿದ್ದೆಗೆಟ್ಟ ಕಾಲ ಅದು. ನಂತರ ಅಮೆರಿಕದ ಬಾಂಬ್ ದಾಳಿ ಶುರುವಾಯಿತು. ಜಗತ್ತು ಮೊದಲ ಬಾರಿಗೆ ಯುದ್ಧವೊಂದನ್ನು ಟಿ.ವಿ.ಯಲ್ಲಿ ನೇರಪ್ರಸಾರವಾಗಿ ನೋಡಿತು. ಕತ್ತಲಲ್ಲಿ ಹಸಿರು ಬೆಳಕು, ಗುರಿ ತಪ್ಪದ ಕ್ಷಿಪಣಿ, ನಕ್ಷೆ ಹಿಡಿದ ಸೇನಾಧಿಕಾರಿ. ಆದರೆ ಆ ಬೆಳಕಿನ ಕೆಳಗೆ ಯಾರ ಮನೆಯಿತ್ತು, ಯಾವ ತಾಯಿ ಮಗುವನ್ನು ಅಪ್ಪಿ ಕುಳಿತಿದ್ದಳು ಎಂಬುದು ಆ ಪರದೆಯಲ್ಲಿ ಕಾಣಲಿಲ್ಲ.

ಅದೇ 1991ರಲ್ಲಿ ದೀಪಾ ಧನರಾಜ್ ಅವರ ಸಾಕ್ಷ್ಯಚಿತ್ರವೊಂದು ಹೊರಬಂತು. ಅದರ ಹೆಸರು 'ಸಂಥಿಂಗ್ ಲೈಕ್ ಎ ವಾರ್', ಅಂದರೆ 'ಯುದ್ಧದಂತಹದ್ದೇನೋ ಒಂದು'. ಅದರಲ್ಲಿ ಬಾಂಬ್ ಇಲ್ಲ, ಟ್ಯಾಂಕ್ ಇಲ್ಲ. ಅದು ಬಡ ಭಾರತೀಯ ಹೆಣ್ಣಿನ ಗರ್ಭದ ಮೇಲೆ ನಡೆದ ಯುದ್ಧದ ಚಿತ್ರ. ಈ ಯುದ್ಧಕ್ಕೆ ನೇರಪ್ರಸಾರವಿರಲಿಲ್ಲ. ಪತ್ರಿಕೆಗಳಲ್ಲಿ ಅದು 'ಗುರಿ ಮೀರಿದ ಸಾಧನೆ' ಎಂಬ ಸಣ್ಣ ಸುದ್ದಿಯಾಗಿ ಬರುತ್ತಿತ್ತು.

ಯುದ್ಧವೆಂದರೆ ಗಡಿಯಲ್ಲಿ ನಡೆಯುವುದು ಮಾತ್ರವಲ್ಲ, ಮಾಧ್ಯಮಗಳು ತೋರಿಸುವುದು ಮಾತ್ರವೂ ಅಲ್ಲ. ದೀಪಾ ಅವರ ಚಿತ್ರಗಳು ನಮಗೆ ಕಲಿಸುವ ಪಾಠ ಇದು.

ನಿಪ್ಪಾಣಿಯ ಧೂಳು

1980ರಲ್ಲಿ ಬೆಂಗಳೂರಿನಲ್ಲಿ ದೀಪಾ ಧನರಾಜ್, ಆಭಾ ಭೈಯಾ, ಮೀರಾ ರಾವ್ ಮತ್ತು ಛಾಯಾಗ್ರಾಹಕ ನವ್ರೋಜ್ ಕಾಂಟ್ರಾಕ್ಟರ್ ಸೇರಿ 'ಯುಗಾಂತರ' ಎಂಬ ಚಿತ್ರ ತಂಡ ಕಟ್ಟಿದರು. ಮಹಿಳೆಯರ ಚಳವಳಿಗಳ ಜೊತೆ ನಿಂತು ಚಿತ್ರ ಮಾಡುವ ತಂಡ ಅದು. ದೀಪಾ ಅವರ ಬಾಳಸಂಗಾತಿಯಾಗಿ, ಅವರ ಅನೇಕ ಚಿತ್ರಗಳಿಗೆ ಕ್ಯಾಮರಾ ಹಿಡಿದ ನವ್ರೋಜ್ 2023ರ ಜೂನ್‌ನಲ್ಲಿ ರಸ್ತೆ ಅಪಘಾತದಲ್ಲಿ ತೀರಿಕೊಂಡರು.

ತಂಡದ ಮೊದಲ ಚಿತ್ರ 'ಮೋಲ್ಕರೀಣ್' (1981). ಪುಣೆಯಲ್ಲಿ ಮನೆಗೆಲಸಕ್ಕೆ ಹೋಗುವ ಹೆಂಗಸರು ಸಂಘ ಕಟ್ಟಿದ ಕತೆ. ಬೇರೆಯವರ ಪಾತ್ರೆ ತೊಳೆದು, ಬಟ್ಟೆ ಒಗೆದು ಬದುಕುವ ಹೆಣ್ಣಿಗೂ ರಜೆ ಬೇಕು, ನ್ಯಾಯವಾದ ಸಂಬಳ ಬೇಕು ಎಂಬ ಮಾತನ್ನು ಆಗ ಪತ್ರಿಕೆಗಳು ಸುದ್ದಿಯೆಂದೇ ಭಾವಿಸುತ್ತಿರಲಿಲ್ಲ.

ಮರುವರ್ಷದ ಚಿತ್ರ ನಮ್ಮ ಬೆಳಗಾವಿ ಜಿಲ್ಲೆಯ ನಿಪ್ಪಾಣಿಯದು. ಮರಾಠಿಯಲ್ಲಿ ಮಾಡಿದ ಆ ಚಿತ್ರದ ಹೆಸರು 'ತಂಬಾಕೂ ಚಾಕಿಲಾ ಊಬ್ ಆಲಿ' (1982). ನಿಪ್ಪಾಣಿ ಬೀಡಿ ತಂಬಾಕಿಗೆ ಹೆಸರಾದ ಊರು. ಅಲ್ಲಿನ ತಂಬಾಕು ಕಾರ್ಖಾನೆಗಳಲ್ಲಿ ಇಡೀ ದಿನ ಧೂಳಿನ ಮಧ್ಯೆ ದುಡಿಯುತ್ತಿದ್ದ ಮಹಿಳೆಯರು ಎದ್ದುನಿಂತು ಸಂಘ ಕಟ್ಟಿ ಮುಷ್ಕರ ಹೂಡಿದರು. ಯುಗಾಂತರ ತಂಡ ಒಂದು ದಿನ ಬಂದು ಫೋಟೋ ಹೊಡೆದುಕೊಂಡು ಹೋಗಲಿಲ್ಲ. ಆ ಹೆಂಗಸರ ಜೊತೆ ತಿಂಗಳುಗಟ್ಟಲೆ ಇದ್ದು, ಅವರ ಮಾತುಗಳಿಂದಲೇ ಚಿತ್ರ ಕಟ್ಟಿತು.

ನಮ್ಮ ಕರಾವಳಿಯ ಸಹೋದರಿಯರಿಗೆ ಈ ಕತೆ ದೂರದ್ದಲ್ಲ. ಕುಂದಾಪುರದಿಂದ ಮಂಜೇಶ್ವರದವರೆಗೆ ಎಷ್ಟು ಮನೆಗಳ ಒಲೆ ಬೀಡಿಯ ಮಜೂರಿಯಿಂದ ಉರಿದಿಲ್ಲ? ಎಷ್ಟು ಮಕ್ಕಳ ಶಾಲೆಯ ಫೀಸು, ಎಷ್ಟು ಹೆಣ್ಣುಮಕ್ಕಳ ಮದುವೆಯ ಖರ್ಚು ಆ ಎಲೆ, ನೂಲು, ತಂಬಾಕಿನಿಂದ ಹುಟ್ಟಿಲ್ಲ? ನಮ್ಮ ಮೊರಕ್ಕೆ ಬರುವ ಮೊದಲು ಆ ತಂಬಾಕು ಇನ್ನೊಬ್ಬ ಹೆಣ್ಣಿನ ಕೈಯಲ್ಲಿ ಹಾದು, ಅವಳ ಎದೆಯಲ್ಲಿ ಕೆಮ್ಮಾಗಿ ಉಳಿದಿತ್ತು. ನಾವು ಅವಳನ್ನು ನೋಡಿರಲಿಲ್ಲ, ಅವಳು ನಮ್ಮನ್ನು ನೋಡಿರಲಿಲ್ಲ. ನಮ್ಮಿಬ್ಬರ ಬೆನ್ನುನೋವೂ ಪತ್ರಿಕೆಯ ವಾಣಿಜ್ಯ ಪುಟದಲ್ಲಿ ಬರಲಿಲ್ಲ.

1983ರಲ್ಲಿ ಹೈದರಾಬಾದಿನ ಸ್ತ್ರೀ ಶಕ್ತಿ ಸಂಘಟನೆಯ ಜೊತೆ ಸೇರಿ ಮಾಡಿದ ತೆಲುಗು ಚಿತ್ರ 'ಇದಿ ಕಥಾ ಮಾತ್ರಮೇನಾ', ಅಂದರೆ 'ಇದು ಬರೀ ಕತೆಯೇ?' ಮನೆಯೊಳಗಿನ ಹಿಂಸೆ ಅದರ ವಿಷಯ. ಇಂತಹ ಚಿತ್ರಗಳ ಜಾಗ ಥಿಯೇಟರ್ ಅಲ್ಲ. ಪ್ರೊಜೆಕ್ಟರ್ ಹೊತ್ತುಕೊಂಡು ಹೋಗಿ ಕೇರಿಗಳಲ್ಲಿ, ಸಂಘಗಳ ಸಭೆಗಳಲ್ಲಿ ತೋರಿಸಬೇಕಾಗಿತ್ತು. ಚಿತ್ರ ಮುಗಿದ ಮೇಲೆ ಹೆಂಗಸರು ಮಾತಿಗೆ ತೊಡಗುತ್ತಿದ್ದರು.

ಗಲಭೆಯ ಊರಿನಲ್ಲಿ

1984ರಲ್ಲಿ ಹೈದರಾಬಾದ್ ಹೊತ್ತಿ ಉರಿಯಿತು. ಆ ವರ್ಷದ ಆಗಸ್ಟ್‌ನಲ್ಲಿ ಎನ್.ಟಿ. ರಾಮರಾವ್ ಅವರ ಸರಕಾರವನ್ನು ವಜಾಗೊಳಿಸಲಾಯಿತು, ಸೆಪ್ಟೆಂಬರ್‌ನಲ್ಲಿ ಅವರು ಮತ್ತೆ ಅಧಿಕಾರಕ್ಕೆ ಬಂದರು. ಅಧಿಕಾರದ ಈ ಆಟ ನಡೆಯುತ್ತಿದ್ದ ದಿನಗಳಲ್ಲೇ ಹಳೇ ನಗರದಲ್ಲಿ ಕೋಮು ಗಲಭೆ, ಕರ್ಫ್ಯೂ. ದೀಪಾ ಮತ್ತು ಅವರ ತಂಡ ಕ್ಯಾಮರಾ ಹಿಡಿದು ಆ ಗಲ್ಲಿಗಳಲ್ಲಿ ಓಡಾಡಿದರು. 'ಕ್ಯಾ ಹುವಾ ಇಸ್ ಶಹರ್ ಕೋ?' (1986) ಎಂಬ ಚಿತ್ರ ಅದರ ಫಲ.

ಮರುದಿನದ ಪತ್ರಿಕೆಯಲ್ಲಿ ಗಲಭೆಯ ಸುದ್ದಿ ಹೇಗಿರುತ್ತದೆಂದು ನಮಗೆ ಗೊತ್ತು. 'ಎರಡು ಗುಂಪುಗಳ ನಡುವೆ ಘರ್ಷಣೆ, ಇಷ್ಟು ಸಾವು, ಪರಿಸ್ಥಿತಿ ಹತೋಟಿಯಲ್ಲಿ.' ಈ ಮೂರು ಮಾತುಗಳಲ್ಲಿ ಎಲ್ಲವೂ ಮುಗಿಯುತ್ತದೆ. ದೀಪಾ ಅವರ ಚಿತ್ರ ಆ ಮೂರು ಮಾತುಗಳನ್ನು ಬಿಚ್ಚಿ ನೋಡುತ್ತದೆ. ವೇದಿಕೆಯ ಮೇಲೆ ನಾಯಕರು ಏನು ಭಾಷಣ ಮಾಡಿದರು? ಮೆರವಣಿಗೆಯಲ್ಲಿ ಯಾವ ಘೋಷಣೆ ಮೊಳಗಿತು? ಕರ್ಫ್ಯೂ ಹಾಕಿದಾಗ ದಿನಗೂಲಿಯವನ ಮನೆಯಲ್ಲಿ ಏನು ಬೇಯುತ್ತದೆ? ಹಿಂದೂ, ಮುಸ್ಲಿಮ್ ಎರಡೂ ಕಡೆಯ ಬಡವರ ಮಾತು ಅದರಲ್ಲಿದೆ. ಎರಡೂ ಕಡೆಯ ನಾಯಕರನ್ನು ಅದು ಪ್ರಶ್ನಿಸುತ್ತದೆ. ಬೆಂಕಿ ಹಚ್ಚುವವರಿಗೆ ಲಾಭ, ಬೂದಿ ಗುಡಿಸುವುದು ಮಾತ್ರ ಹೆಂಗಸರ ಪಾಲು ಎಂಬ ಸತ್ಯ ಅಲ್ಲಿ ಕಣ್ಣಿಗೆ ಕಟ್ಟುತ್ತದೆ.

ನಮ್ಮ ಕರಾವಳಿಯೂ ಇಂತಹ ದಿನಗಳನ್ನು ಕಂಡಿದೆ. ಬಂದ್ ಆದ ಪೇಟೆ, ಮನೆಗೆ ಬಾರದ ಮಗ, ಎತ್ತದ ಫೋನು, ಊಹಾಪೋಹ. ಆದ್ದರಿಂದ ಹೈದರಾಬಾದಿನ ಆ ತಾಯಂದಿರ ಮುಖಗಳು ನಮಗೆ ಪರಿಚಿತವೆನಿಸುತ್ತವೆ.

ಗರ್ಭದ ಮೇಲಿನ ಯುದ್ಧ

ಈಗ 1991ರ ಆ ಚಿತ್ರಕ್ಕೆ ಬರೋಣ. ಅದನ್ನು ಅರ್ಥಮಾಡಿಕೊಳ್ಳಲು ಸ್ವಲ್ಪ ಹಿನ್ನೆಲೆ ಬೇಕು. ಸರಕಾರಿ ಮಟ್ಟದಲ್ಲಿ ಕುಟುಂಬ ಯೋಜನೆಯನ್ನು ಜಗತ್ತಿನಲ್ಲೇ ಮೊದಲು ಆರಂಭಿಸಿದ ದೇಶ ಭಾರತ. ಅದು 1952ರಲ್ಲಿ. 1975ರ ಜೂನ್‌ನಲ್ಲಿ ತುರ್ತು ಪರಿಸ್ಥಿತಿ ಬಂದಾಗ ಈ ಯೋಜನೆ ದಬ್ಬಾಳಿಕೆಯ ರೂಪ ತಾಳಿತು. 1976-77ರ ಒಂದೇ ವರ್ಷದಲ್ಲಿ 80 ಲಕ್ಷಕ್ಕೂ ಹೆಚ್ಚು ಸಂತಾನಹರಣ ಶಸ್ತ್ರಚಿಕಿತ್ಸೆಗಳು ನಡೆದವು. ಅವರಲ್ಲಿ ಹೆಚ್ಚಿನವರು ಗಂಡಸರು. 1976ರ ನವೆಂಬರ್‌ನಲ್ಲಿ ಹರ್ಯಾಣದ ಮೇವಾತ್ ಸೀಮೆಯ ಉತ್ತಾವರ್ ಎಂಬ ಮುಸ್ಲಿಮ್ ಗ್ರಾಮವನ್ನು ಪೊಲೀಸರು ಸುತ್ತುವರಿದು ಗಂಡಸರನ್ನು ಹಿಡಿದೊಯ್ದರು. ಪತ್ರಿಕೆಗಳ ಮೇಲೆ ಸೆನ್ಸಾರ್ ಇತ್ತು. ಬರೆಯುವಂತಿರಲಿಲ್ಲ.

1977ರಲ್ಲಿ ಆ ಸರಕಾರ ಸೋತಿತು. ಗಂಡಸರನ್ನು ಮುಟ್ಟಿದರೆ ಓಟು ಹೋಗುತ್ತದೆ ಎಂದು ರಾಜಕಾರಣಿಗಳು ಕಲಿತರು. ನಂತರ ಇಡೀ ಯೋಜನೆಯ ಭಾರ ಹೆಣ್ಣಿನ ಮೇಲೆ ಬಿತ್ತು. ಆರೋಗ್ಯ ಕಾರ್ಯಕರ್ತೆಗೆ ಗುರಿ, ವೈದ್ಯರಿಗೆ ಗುರಿ, ಜಿಲ್ಲೆಗೆ ಗುರಿ. ಗುರಿ ಮುಟ್ಟದಿದ್ದರೆ ಮೇಲಧಿಕಾರಿಯ ಬೈಗುಳ. 'ಕೇಸು' ತಂದವರಿಗೆ ಹಣ, ಆಪರೇಷನ್ ಮಾಡಿಸಿಕೊಂಡವಳಿಗೂ ಸ್ವಲ್ಪ ಹಣ. ಈ ಲೆಕ್ಕಾಚಾರದಲ್ಲಿ ಹೆಣ್ಣು ಮನುಷ್ಯಳಾಗಿರಲಿಲ್ಲ, ಒಂದು ಕೇಸಾಗಿದ್ದಳು. ಪೇಟೆಯ ಗೋಡೆಗಳ ಮೇಲೆ ಮಾತ್ರ ಕೆಂಪು ತ್ರಿಕೋನ ಮತ್ತು ನಗುವ ಸಣ್ಣ ಕುಟುಂಬ.

ದೀಪಾ ಅವರ ಚಿತ್ರದಲ್ಲಿ ಶಿಬಿರದ ಒಳಗಿನ ದೃಶ್ಯಗಳಿವೆ. ಎಷ್ಟು ಬೇಗ ಎಷ್ಟು ಆಪರೇಷನ್ ಮುಗಿಸಬಲ್ಲೆ ಎಂದು ವೈದ್ಯರೊಬ್ಬರು ಹೆಮ್ಮೆಯಿಂದ ಹೇಳಿಕೊಳ್ಳುತ್ತಾರೆ. ಇನ್ನೊಂದು ಕಡೆ ಹೆಂಗಸರು ವೃತ್ತವಾಗಿ ಕೂತು ತಮ್ಮ ದೇಹ, ಮುಟ್ಟು, ಹೆರಿಗೆ, ಗಂಡ, ಮಗುವಿನ ಸಾವು, ಹೀಗೆ ಎಲ್ಲದರ ಬಗ್ಗೆ ಮುಕ್ತವಾಗಿ ಮಾತನಾಡುತ್ತಾರೆ. ನಮಗೆ ಮಕ್ಕಳು ಯಾಕೆ ಬೇಕು, ಯಾವಾಗ ಬೇಡ ಎಂಬುದು ಆ ಅಕ್ಷರ ಕಲಿಯದ ಹೆಂಗಸರಿಗೆ ದಿಲ್ಲಿಯ ಅಧಿಕಾರಿಗಳಿಗಿಂತ ಚೆನ್ನಾಗಿ ಗೊತ್ತಿದೆ. ಅವರನ್ನು ಕೇಳಿದ್ದರೆ ಸಾಕಿತ್ತು. ಮಕ್ಕಳ ವಿಷಯ ದಂಪತಿಗಳು ತಮ್ಮೊಳಗೆ, ಅಲ್ಲಾಹನ ಭಯದೊಂದಿಗೆ ತೀರ್ಮಾನಿಸುವ ವಿಷಯ. ಅದರೊಳಗೆ ಗುರಿ ಮತ್ತು ಬಹುಮಾನದ ಪಟ್ಟಿ ಹಿಡಿದು ನುಗ್ಗುವುದು ಯುದ್ಧವಲ್ಲದೆ ಮತ್ತೇನು?

1994ರ 'ದಿ ಲೆಗಸಿ ಆಫ್ ಮಾಲ್ಥಸ್' ಚಿತ್ರದಲ್ಲಿ ಅವರು ಇನ್ನೂ ಹಿಂದಕ್ಕೆ ಹೋಗುತ್ತಾರೆ. 1798ರಲ್ಲಿ ಇಂಗ್ಲೆಂಡಿನ ಮಾಲ್ಥಸ್ ಎಂಬ ಪಾದ್ರಿ, ಅನ್ನಕ್ಕಿಂತ ಬಾಯಿಗಳು ವೇಗವಾಗಿ ಹೆಚ್ಚುತ್ತವೆ ಎಂದು ಬರೆದಿದ್ದ. ಅಲ್ಲಿಂದ ಬಡತನಕ್ಕೆ ಬಡವರ ಮಕ್ಕಳೇ ಕಾರಣ ಎಂಬ ವಾದ ಬೆಳೆಯಿತು. ಭೂಮಿ ಯಾರ ಕೈಯಲ್ಲಿದೆ ಎಂಬ ಪ್ರಶ್ನೆ ಹಿಂದೆ ಸರಿಯಿತು.

ಗುರಿ ನಿಗದಿ ಮಾಡುವ ಪದ್ಧತಿಯನ್ನು ಸರಕಾರ 1996ರಲ್ಲಿ ಕೈಬಿಟ್ಟಿತು. ಆದರೆ ಶಿಬಿರಗಳು ನಿಲ್ಲಲಿಲ್ಲ. 2014ರ ನವೆಂಬರ್ 8ರಂದು ಛತ್ತೀಸ್‌ಗಢದ ಬಿಲಾಸ್‌ಪುರ ಜಿಲ್ಲೆಯ ಶಿಬಿರವೊಂದರಲ್ಲಿ ಒಬ್ಬನೇ ವೈದ್ಯ ಕೆಲವೇ ಗಂಟೆಗಳಲ್ಲಿ 83 ಮಹಿಳೆಯರಿಗೆ ಆಪರೇಷನ್ ಮಾಡಿದ. ಆ ಜಿಲ್ಲೆಯ ಶಿಬಿರಗಳಿಗೆ ಹೋದವರಲ್ಲಿ 13 ಮಂದಿ ಸತ್ತರು. ದೀಪಾ ಅವರ ಚಿತ್ರ ಬಂದು ಆಗಲೇ 23 ವರ್ಷಗಳಾಗಿದ್ದವು. 2016ರ ಸೆಪ್ಟೆಂಬರ್‌ನಲ್ಲಿ ಸುಪ್ರೀಂ ಕೋರ್ಟ್ ಮೂರು ವರ್ಷಗಳೊಳಗೆ ಇಂತಹ ಶಿಬಿರಗಳನ್ನು ನಿಲ್ಲಿಸಬೇಕೆಂದು ಹೇಳಿತು.

ಇನ್ನು ಟಿ.ವಿ.ಯವರ ಆ ಜನಸಂಖ್ಯೆಯ ಗದ್ದಲ. ಸರಕಾರದ್ದೇ ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಯ ಪ್ರಕಾರ 1992-93ರಲ್ಲಿ ಮುಸ್ಲಿಮ್ ಮಹಿಳೆಯೊಬ್ಬಳ ಸರಾಸರಿ ಮಕ್ಕಳ ಸಂಖ್ಯೆ 4.4 ಇತ್ತು. 2019-21ರ ಸಮೀಕ್ಷೆಯಲ್ಲಿ ಅದು 2.36ಕ್ಕೆ ಇಳಿದಿದೆ. ಈ ಲೆಕ್ಕ ಯಾರು ಬೇಕಾದರೂ ತೆರೆದು ನೋಡಬಹುದಾದ ವರದಿಯಲ್ಲಿದೆ. ಆದರೆ ರಾತ್ರಿಯ ಚರ್ಚೆಗಳಲ್ಲಿ ಅದನ್ನು ಓದಿ ಹೇಳುವವರು ವಿರಳ.

ನಮ್ಮ ಅಂಗಳಕ್ಕೂ ಬಂದ ಕ್ಯಾಮರಾ

ನಮ್ಮ ಮೇಲೆ ಹೊರಗಿನವರು ಮಾಡುವ ಅನ್ಯಾಯವನ್ನು ತೋರಿಸಿದಾಗ ನಾವು ಮೆಚ್ಚುತ್ತೇವೆ. ನಮ್ಮೊಳಗಿನ ಅನ್ಯಾಯವನ್ನು ತೋರಿಸಿದಾಗ? ದೀಪಾ ಅವರ 2011ರ ಚಿತ್ರ 'ಇನ್ವೋಕಿಂಗ್ ಜಸ್ಟಿಸ್' ತಮಿಳುನಾಡಿನ ಮುಸ್ಲಿಮ್ ಮಹಿಳಾ ಜಮಾಅತ್ ಕುರಿತಾದದ್ದು. ಪುದುಕ್ಕೋಟೈಯ ಷರೀಫಾ ಖಾನಂ ಅವರ ನೇತೃತ್ವದಲ್ಲಿ 2004ರಲ್ಲಿ ಇದು ರೂಪುಗೊಂಡಿತು. ಕೌಟುಂಬಿಕ ವಿವಾದಗಳನ್ನು ಗಂಡಸರ ಜಮಾಅತ್‌ಗಳು ತೀರ್ಮಾನಿಸುವಾಗ, ಯಾರ ಬದುಕಿನ ತೀರ್ಮಾನವೋ ಆ ಹೆಣ್ಣನ್ನೇ ಒಳಗೆ ಕರೆಯದ ಪರಿಸ್ಥಿತಿ ಅಲ್ಲಿತ್ತು. ಆ ಹೆಂಗಸರು ಅಳುತ್ತಾ ಕೂರದೆ ತಾವೇ ಸಭೆ ಸೇರಿದರು. ಚಿತ್ರ ಬರುವ ಹೊತ್ತಿಗೆ 12 ಜಿಲ್ಲೆಗಳಲ್ಲಿ 12,000 ಸದಸ್ಯೆಯರು, ಇತ್ಯರ್ಥವಾದ 8,000ಕ್ಕೂ ಹೆಚ್ಚು ಪ್ರಕರಣಗಳು. ತಲಾಕ್, ವರದಕ್ಷಿಣೆ, ಹೊಡೆತ, ಸಂಶಯಾಸ್ಪದ ಸಾವು.

ಆ ಸಂಘಟನೆಯ ಎಲ್ಲ ನಿಲುವುಗಳನ್ನು ನಾವು ಒಪ್ಪಬೇಕೆಂದಿಲ್ಲ. ಆದರೆ ಮಹ್ರ್ ಹೆಣ್ಣಿನ ಹಕ್ಕು, ಖುಲಾ ಹೆಣ್ಣಿನ ಹಕ್ಕು, ವರದಕ್ಷಿಣೆ ಇಸ್ಲಾಮಿನಲ್ಲಿ ಇಲ್ಲ ಎಂದು ವೇದಿಕೆಯಲ್ಲಿ ಹೇಳುವ ನಾವು, ನಮ್ಮ ಮೊಹಲ್ಲಾದಲ್ಲಿ ತವರಿಗೆ ಮರಳಿದ ಹುಡುಗಿಯ ಮಾತನ್ನು ಪೂರ್ತಿ ಕೇಳಿದ್ದೇವೆಯೇ? ನಮ್ಮ ವಿರುದ್ಧವೇ ಆದರೂ, ತಂದೆ ತಾಯಿಯ ವಿರುದ್ಧವೇ ಆದರೂ ನ್ಯಾಯದ ಪರ ಸಾಕ್ಷಿ ಹೇಳಬೇಕೆಂದು ಅನ್ನಿಸಾಅ್ ಅಧ್ಯಾಯದಲ್ಲಿ ಅಲ್ಲಾಹನು ನಮಗೆ ಆದೇಶಿಸಿರುವುದನ್ನು ಇಲ್ಲಿ ನೆನಪಿಸಿಕೊಳ್ಳಬೇಕು. ಹೈದರಾಬಾದಿನಲ್ಲಿ ನಮ್ಮ ಕಣ್ಣೀರನ್ನು ಕಂಡ ಕ್ಯಾಮರಾವೇ ಪುದುಕ್ಕೋಟೈಯಲ್ಲಿ ನಮ್ಮ ತಪ್ಪನ್ನೂ ಕಂಡಿದೆ. ಪ್ರಾಮಾಣಿಕ ಸಾಕ್ಷಿಯ ಗುಣವೇ ಅದು.

ಕನ್ನಡದಲ್ಲೂ ಅವರ ಚಿತ್ರವಿದೆ. 1995ರ 'ಇಟ್ಟ ಹೆಜ್ಜೆ ಮುಂದಕ್ಕ ತೆಗಿಯಬ್ಯಾಡ ಹಿಂದಕ್ಕ' ಪಂಚಾಯತ್‌ಗೆ ಆಯ್ಕೆಯಾದ ಮಹಿಳೆಯರ ಕುರಿತಾದದ್ದು. 2007ರಲ್ಲಿ ಮಾನವ ಹಕ್ಕುಗಳ ವಕೀಲ ಕೆ.ಜಿ. ಕಣ್ಣಬಿರಾನ್ ಅವರ ಬಗ್ಗೆ 'ದಿ ಅಡ್ವೊಕೇಟ್' ಮಾಡಿದರು. 2016ರ ಜನವರಿ 17ರಂದು ಹೈದರಾಬಾದ್ ವಿಶ್ವವಿದ್ಯಾನಿಲಯದ ದಲಿತ ಸಂಶೋಧನಾ ವಿದ್ಯಾರ್ಥಿ ರೋಹಿತ್ ವೇಮುಲ ಪ್ರಾಣ ಕಳೆದುಕೊಂಡ ನಂತರದ ಚಳವಳಿಯ ಬಗ್ಗೆ 2018ರಲ್ಲಿ 'ವಿ ಹ್ಯಾವ್ ನಾಟ್ ಕಮ್ ಹಿಯರ್ ಟು ಡೈ' ಎಂಬ ಚಿತ್ರ ಬಂತು.

ಕ್ಯಾಮರಾ ಎಲ್ಲಿ ನಿಂತಿದೆ?

ಹೊರದೇಶಗಳಲ್ಲೂ ಇಂತಹವರಿದ್ದಾರೆ. ಆಸ್ಟ್ರೇಲಿಯಾದಲ್ಲಿ ಹುಟ್ಟಿ ಲಂಡನಿನಲ್ಲಿ ದುಡಿದ ಪತ್ರಕರ್ತ ಜಾನ್ ಪಿಲ್ಜರ್ ವಿಯೆಟ್ನಾಂನಿಂದ ಫೆಲೆಸ್ತೀನ್‌ವರೆಗೆ ಐವತ್ತಕ್ಕೂ ಹೆಚ್ಚು ಸಾಕ್ಷ್ಯಚಿತ್ರಗಳನ್ನು ಮಾಡಿದರು. ಫೆಲೆಸ್ತೀನ್ ಬಗ್ಗೆ ಒಂದೇ ಹೆಸರಿನಲ್ಲಿ 1974 ಮತ್ತು 2002ರಲ್ಲಿ ಎರಡು ಚಿತ್ರ ಮಾಡಿದರು, ಏಕೆಂದರೆ ಆ 28 ವರ್ಷಗಳಲ್ಲಿ ಅಲ್ಲಿ ನ್ಯಾಯ ಸಿಕ್ಕಿರಲಿಲ್ಲ. 2003ರಲ್ಲಿ ಇರಾಕಿನ ಮೇಲೆ ದಾಳಿ ಮಾಡುವಾಗ ಅಲ್ಲಿ ಸಾಮೂಹಿಕ ವಿನಾಶದ ಅಸ್ತ್ರಗಳಿವೆ ಎಂದು ಅಮೆರಿಕ, ಬ್ರಿಟನ್ ಹೇಳಿದವು. ದೊಡ್ಡ ಪತ್ರಿಕೆಗಳು ಅದನ್ನು ಮುಖಪುಟದಲ್ಲಿ ಹಾಕಿದವು. ಅಸ್ತ್ರಗಳು ಸಿಗಲೇ ಇಲ್ಲ. 2004ರ ಮೇ ತಿಂಗಳಲ್ಲಿ 'ನ್ಯೂಯಾರ್ಕ್ ಟೈಮ್ಸ್' ತನ್ನ ಕೆಲವು ವರದಿಗಳು ಸಾಕಷ್ಟು ಪರಿಶೀಲನೆಯಿಲ್ಲದೆ ಬಂದಿದ್ದವೆಂದು ಓದುಗರ ಮುಂದೆ ಒಪ್ಪಿಕೊಂಡಿತು. ಅಷ್ಟರಲ್ಲಿ ಬಗ್ದಾದ್ ಬಿದ್ದಿತ್ತು, ಸತ್ತವರು ಸತ್ತಿದ್ದರು. 2010ರ 'ದಿ ವಾರ್ ಯು ಡೋಂಟ್ ಸೀ' ಚಿತ್ರದಲ್ಲಿ ಪಿಲ್ಜರ್ ಟಿ.ವಿ. ಸಂಸ್ಥೆಗಳ ಹಿರಿಯರನ್ನೇ ಎದುರು ಕೂರಿಸಿ ಈ ಬಗ್ಗೆ ಪ್ರಶ್ನಿಸಿದರು. 2023ರ ಡಿಸೆಂಬರ್ 30ರಂದು ಅವರು ನಿಧನರಾದಾಗ ಗಾಝಾದ ಮೇಲೆ ಬಾಂಬ್ ಬೀಳುತ್ತಿತ್ತು. ಅಲ್ಲಿನ ನೂರಕ್ಕೂ ಹೆಚ್ಚು ಪತ್ರಕರ್ತರು ಕ್ಯಾಮರಾ ಹಿಡಿದೇ ಪ್ರಾಣ ಕೊಟ್ಟಿದ್ದಾರೆ.

ಪಿಲ್ಜರ್ ಸೇನಾಧಿಕಾರಿಯ ಪಕ್ಕ ನಿಂತ ಕ್ಯಾಮರಾವನ್ನು ಪ್ರಶ್ನಿಸಿದರು. ದೀಪಾ ತಮ್ಮ ಕ್ಯಾಮರಾವನ್ನು ಚಾಪೆಯ ಮೇಲೆ ಮಲಗಿದ ಹೆಣ್ಣಿನ ಪಕ್ಕ ಇಟ್ಟರು. ಇಬ್ಬರೂ ಕೇಳಿದ ಪ್ರಶ್ನೆ ಒಂದೇ. ಈ ಸುದ್ದಿಯನ್ನು ಯಾರ ಕಣ್ಣಿನಿಂದ ನೋಡುತ್ತಿದ್ದೀರಿ?

ಆ ಪ್ರಶ್ನೆ ನಮಗೂ ಬೇಕು. ಸುದ್ದಿ ಬಂದಾಗ ವಿಚಾರಿಸಿ ನೋಡಿ, ಅರಿಯದೆ ಯಾರಿಗೋ ಹಾನಿ ಮಾಡಿ ಮತ್ತೆ ಪಶ್ಚಾತ್ತಾಪ ಪಡುವಂತಾಗಬಾರದು ಎಂಬ ಬೋಧನೆ ಅಲ್ ಹುಜುರಾತ್ ಅಧ್ಯಾಯದಲ್ಲಿದೆ. ಇಂದು ಸುದ್ದಿ ನಮ್ಮ ಕೈಯಲ್ಲಿರುವ ಮೊಬೈಲಿಗೇ ಬರುತ್ತದೆ. ಒಂದು ವೀಡಿಯೊ ಬಂದಾಗ ಇದನ್ನು ಯಾರು ತೆಗೆದರು, ಯಾವಾಗ ತೆಗೆದರು, ಇದರಲ್ಲಿ ಯಾರ ಮಾತು ಇಲ್ಲ ಎಂದು ಕೇಳಿ ಆಮೇಲೆ ಇನ್ನೊಬ್ಬರಿಗೆ ಕಳಿಸುವ ಅಭ್ಯಾಸವನ್ನು ತಾಯಂದಿರಾದ ನಾವು ಮಕ್ಕಳಿಗೆ ಕಲಿಸಬೇಕು. ಮೊದಲು ನಾವು ಕಲಿಯಬೇಕು.

ಯುಗಾಂತರದ ಹಳೆಯ ಚಿತ್ರಗಳನ್ನು ಜರ್ಮನಿಯ ಬರ್ಲಿನ್‌ನ ಆರ್ಸೆನಲ್ ಸಂಸ್ಥೆಯ ನೆರವಿನಿಂದ ಸರಿಪಡಿಸಿ ಡಿಜಿಟಲ್ ರೂಪಕ್ಕೆ ತರಲಾಗಿದೆ. ನಮ್ಮ ಸಂಘಗಳು, ಹೆಣ್ಣುಮಕ್ಕಳ ಕಾಲೇಜುಗಳು ಅವುಗಳನ್ನು ತೋರಿಸಿ ಚರ್ಚೆ ಏರ್ಪಡಿಸಿದರೆ ಒಂದು ಸಂಜೆ ಸಾರ್ಥಕವಾದೀತು.

ಉಮ್ಮನಿಗೆ ನಾನು ಆ 'ಯುದ್ಧ'ದ ಚಿತ್ರದ ಬಗ್ಗೆ ಹೇಳಿದೆ. ಶಿಬಿರದ ಬಗ್ಗೆ ಹೇಳಿದೆ, ವೃತ್ತವಾಗಿ ಕೂತು ಮಾತಾಡುವ ಹೆಂಗಸರ ಬಗ್ಗೆ ಹೇಳಿದೆ. ಅವರು ಸುಮ್ಮನೆ ಕೇಳಿಸಿಕೊಂಡರು. ಕೊನೆಗೆ, "ಹಾಗಾದರೆ ನಾನೊಬ್ಬಳೇ ಅಲ್ಲ" ಎಂದರು.

ಸಹೋದರಿಯರೇ, ನಿಮ್ಮ ಮನೆಯಲ್ಲೂ ಹೇಳದೆ ಉಳಿದ ಕತೆಯೊಂದು ಇರಬಹುದು. ಕ್ಯಾಮರಾ ಇಲ್ಲದಿದ್ದರೂ ಅಡ್ಡಿಯಿಲ್ಲ. ಟಿ.ವಿ. ಆರಿಸಿ ಒಂದು ಸಂಜೆ ನಿಮ್ಮ ಉಮ್ಮನ ಬಳಿ ಕೂತು ಕೇಳಿ.